ಗುಮ್ಮಟದ ಕೂಗು, ರೋಜಾದ ಮೌನ

ನಿಪ್ಪಾಣಿಯಿಂದ ನಸುಕಿನಲ್ಲೇ ಹೊರಟು ರಾತ್ರಿ ಮನೆ ಸೇರುವ ಒಂದು ದಿನದ ಪ್ರವಾಸದಲ್ಲಿ ಬಿಜಾಪುರ ನೋಡಿ ಬಂದೆವು. 2014ರಿಂದ ಅದು ವಿಜಯಪುರ. ಬಾಯಿಗೆ ಇನ್ನೂ ಹಳೆಯ ಹೆಸರೇ ರೂಢಿ. ಗೈಡ್ ಒಳ್ಳೆಯ ಮಾತುಗಾರ. ಆದರೆ ಗೋಳಗುಮ್ಮಟದ ಪಿಸುಮಾತಿನ ಗ್ಯಾಲರಿಯಲ್ಲೇ ಅರ್ಧ ಹೊತ್ತು ಕಳೆಯಿತು. ಅವರು ಚಪ್ಪಾಳೆ ತಟ್ಟಿದರು, ಮಕ್ಕಳು ಕೂಗಿದರು, ಗುಮ್ಮಟ ಮರುಕೂಗಿತು. ಅದೊಂದು ಗೋರಿ, 1656ರಲ್ಲಿ ತೀರಿಕೊಂಡ ಮುಹಮ್ಮದ್ ಆದಿಲ್ ಶಾಹ ಅಲ್ಲಿ ಮಲಗಿದ್ದಾನೆ ಎಂಬುದು ಆ ಗದ್ದಲದಲ್ಲಿ ಯಾರಿಗೂ ನೆನಪಾಗಲಿಲ್ಲ.

ಆಮೇಲೆ ಮಲಿಕ್-ಎ-ಮೈದಾನ್ ತೋಪು. ಅದರ ತೂಕ, ಗುಂಡಿನ ಗಾತ್ರ, ಯುದ್ಧಗಳು. ಊರಿಗೆ ನೀರುಣಿಸಿದ ತಾಜ್ ಬಾವಡಿಯ ಬಳಿ ಬಸ್ಸು ನಿಲ್ಲಲೇ ಇಲ್ಲ.

ನನ್ನ ನಿಜವಾದ ತಕರಾರು ಇಬ್ರಾಹೀಂ ರೋಜಾದ್ದು. ಅದಕ್ಕೆ ಸಿಕ್ಕಿದ್ದು ಇಪ್ಪತ್ತೇ ನಿಮಿಷ, ಅದೂ ಫೋಟೋಗೆ. ಅಲ್ಲಿ ಮಲಗಿರುವ ಎರಡನೆಯ ಇಬ್ರಾಹೀಂ ಆದಿಲ್ ಶಾಹ (ಆಳ್ವಿಕೆ 1580-1627) ದಖನಿಯಲ್ಲಿ 'ಕಿತಾಬ್-ಎ-ನವರಸ್' ಬರೆದವನು. ರಾಗಗಳಿಗೆ ಹೊಂದಿಸಿದ ಆ ಹಾಡುಗಳಲ್ಲಿ ಸರಸ್ವತಿ, ಗಣಪತಿಯರ ಸ್ಮರಣೆಯಿದೆ. ಗುಲಬರ್ಗಾದ ಬಂದೇ ನವಾಜರ ಸ್ಮರಣೆಯೂ ಇದೆ. ಜನ ಅವನನ್ನು ಜಗದ್ಗುರು ಎಂದು ಕರೆದರು. ನಮ್ಮ ಗೈಡ್ ಬಾಯಲ್ಲಿ ಇದರ ಒಂದು ಮಾತೂ ಬರಲಿಲ್ಲ. ಕೋಮುಗಳ ನಡುವೆ ಗೋಡೆ ಎತ್ತುವವರಿಗೆ ಇತಿಹಾಸ ಎಂದರೆ ತೋಪು, ಕತ್ತಿ ಮಾತ್ರ. ಪ್ರವಾಸ ತೋರಿಸುವವರೂ ಅಷ್ಟನ್ನೇ ತೋರಿಸಿದರೆ ಬಸ್ಸಿನಲ್ಲಿದ್ದ ಮಕ್ಕಳು ಏನನ್ನು ನಂಬಬೇಕು?

ಕೇಳಿಯೇಬಿಟ್ಟೆ. "ಸರ, ಮಂದಿ ಇಲ್ಲಿ ಒದರಾಕ ಬರ್ತಾರ್ರಿ. ಹಾಡಿನ ಕಥಿ ಯಾರು ಕೇಳ್ತಾರ?" ಎಂದರು. ತಪ್ಪು ಅವರೊಬ್ಬರದಲ್ಲ, ನಾವೂ ಒದರಿದವರೇ. ಆದರೂ ಗುಮ್ಮಟದ ಹೊತ್ತಿನಲ್ಲಿ ಕಾಲು ಗಂಟೆ ಉಳಿಸಿ, ರೋಜಾದ ನೆರಳಿನಲ್ಲಿ ಆ ದೊರೆಯ ಒಂದು ಹಾಡನ್ನು ಓದಿ ಅರ್ಥ ಹೇಳುವುದು ಅಷ್ಟು ಕಷ್ಟವೇ?