ಪೊಟ್ಟಲಕೆರೆಯ ಜೈನ ಇತಿಹಾಸ: ಪಿ.ಬಿ. ದೇಸಾಯಿಯವರ ಸಂಶೋಧನೆಯ ಮರುಪರಿಶೀಲನೆ

ಇಂದು ಕೈಗಾರಿಕಾ ಪ್ರದೇಶವೆಂದೂ ಅಂತರರಾಷ್ಟ್ರೀಯ ಕೃಷಿ ಸಂಶೋಧನಾ ಕೇಂದ್ರದ ನೆಲೆಯೆಂದೂ ಪರಿಚಿತವಾಗಿರುವ ಹೈದರಾಬಾದಿನ ಪಟಾನ್‌ಚೆರು, ಕಲ್ಯಾಣ ಚಾಲುಕ್ಯರ ಇಮ್ಮಡಿ ಜಯಸಿಂಹನ ಶಾಸನಗಳಲ್ಲಿ ನೆಲೆವೀಡಾಗಿ ಬರುವ ಪೊಟ್ಟಲಕೆರೆ ಎಂಬುದು ವಿದ್ವಾಂಸರ ಗುರುತಿಸುವಿಕೆ. ಈ ಊರಿನ ಜೈನ ಇತಿಹಾಸಕ್ಕೆ ವಿದ್ವತ್‌ಲೋಕದಲ್ಲಿ ಸ್ಥಾನ ದೊರಕಿಸಿದವರಲ್ಲಿ ಡಾ. ಪಿ.ಬಿ. ದೇಸಾಯಿ ಪ್ರಮುಖರು. ದಕ್ಷಿಣ ಭಾರತದ ಜೈನಧರ್ಮವನ್ನು ಕುರಿತ ಅವರ ಇಂಗ್ಲಿಷ್ ಗ್ರಂಥ 1957ರಲ್ಲಿ ಸೊಲ್ಲಾಪುರದಿಂದ ಪ್ರಕಟವಾಯಿತು.

ಶಾಸನ, ಶಿಲ್ಪ, ಸ್ಥಳನಾಮ ಮತ್ತು ಸಾಹಿತ್ಯಗಳನ್ನು ಒಂದೆಡೆ ತಂದು ನೋಡುವುದು ದೇಸಾಯಿಯವರ ವಿಧಾನ. ಹಳೆಯ ಹೈದರಾಬಾದ್ ಸಂಸ್ಥಾನದ ಕನ್ನಡ ಶಾಸನಗಳನ್ನು ಓದಿ ಸಂಪಾದಿಸಿದ ಅವರ ಪರಿಶ್ರಮಕ್ಕೆ ನಾವು ಇಂದಿಗೂ ಋಣಿಗಳು. ಆದರೆ ಈ ಆಕರಗಳೆಲ್ಲವೂ ಒಂದೇ ತೂಕದವಲ್ಲ. ಜೈನನಾಗಿದ್ದ ಜಯಸಿಂಹನು ರಾಣಿ ಸುಗ್ಗಲದೇವಿ ಮತ್ತು ಆಕೆಯ ಗುರು ದೇವರ ದಾಸಿಮಯ್ಯನ ಪ್ರಭಾವದಿಂದ ಶೈವನಾದನೆಂಬ ಕಥೆಯ ಲಿಖಿತರೂಪಗಳು ರಾಜನ ಕಾಲಕ್ಕಿಂತ ಬಹಳ ಈಚಿನವು. ಅವುಗಳನ್ನು ಹನ್ನೊಂದನೆಯ ಶತಮಾನದ ಘಟನೆಗೆ ನೇರ ಸಾಕ್ಷ್ಯವಾಗಿ ಸ್ವೀಕರಿಸಲಾಗದು.

ಸಮಕಾಲೀನ ಸಾಹಿತ್ಯವು ಬೇರೊಂದು ಚಿತ್ರವನ್ನು ಕೊಡುತ್ತದೆ. ಜೈನ ಯತಿ ವಾದಿರಾಜನು ತನ್ನ ಸಂಸ್ಕೃತ ಪಾರ್ಶ್ವನಾಥಚರಿತವನ್ನು ರಚಿಸಿದ್ದು 1025ರಲ್ಲಿ, ಇದೇ ದೊರೆಯ ಆಳ್ವಿಕೆಯಲ್ಲಿ. ಸುಮಾರು 1031ರಲ್ಲಿ ಕನ್ನಡ ಪಂಚತಂತ್ರವನ್ನು ಬರೆದ ದುರ್ಗಸಿಂಹ ಅವನ ಸಂಧಿವಿಗ್ರಹಿ, ಬ್ರಾಹ್ಮಣ. ಒಂದು ಮತದಿಂದ ಇನ್ನೊಂದಕ್ಕೆ ಹಠಾತ್ತನೆ ಹೊರಳಿದ ಆಸ್ಥಾನವಲ್ಲ, ಹಲವು ಮತಗಳಿಗೆ ಎಡೆಯಿದ್ದ ಆಸ್ಥಾನ ಇಲ್ಲಿ ಕಾಣುತ್ತದೆ. ಪಟಾನ್‌ಚೆರುವಿನಲ್ಲಿ ದೊರೆತ ಜೈನ ಶಿಲ್ಪಗಳಲ್ಲಿ ಹನ್ನೆರಡನೆಯ ಶತಮಾನದವೆಂದು ಗುರುತಿಸಲಾದವೂ ಇವೆ ಎಂಬುದು ಗಮನಾರ್ಹ.

ರಾಣಿಯ ಮೂಲಕ ರಾಜನ ಮತಾಂತರವೆಂಬ ಆಶಯ ನಮ್ಮಲ್ಲಿ ಮಾತ್ರ ಇರುವಂಥದಲ್ಲ. ಫ್ರಾಂಕರ ದೊರೆ ಕ್ಲೋವಿಸನು ರಾಣಿ ಕ್ಲೊಟಿಲ್ಡಾಳ ಪ್ರೇರಣೆಯಿಂದ ಕ್ರೈಸ್ತನಾದ ವೃತ್ತಾಂತವನ್ನು ಬರೆದ ತೂರ್‌ನ ಗ್ರೆಗರಿ, ರಾಜನ ಮರಣಾನಂತರ ಹುಟ್ಟಿದವನು. ಆ ದೀಕ್ಷೆಯ ಬಗ್ಗೆ ಸಮಕಾಲೀನ ಬಿಷಪ್ ಆವಿಟಸ್ ರಾಜನಿಗೇ ಬರೆದ ಪತ್ರದಲ್ಲಿ ರಾಣಿಯ ಪ್ರಸ್ತಾಪವಿಲ್ಲ. ಹೀಗಾಗಿ ಐರೋಪ್ಯ ಇತಿಹಾಸಕಾರರು ಗ್ರೆಗರಿಯ ನಿರೂಪಣೆಯನ್ನು ಮೊದಲು ಅವನ ಕಾಲದ ಧಾರ್ಮಿಕ ಆಶಯಗಳ ದಾಖಲೆಯಾಗಿ ಓದುತ್ತಾರೆ. ಸುಗ್ಗಲದೇವಿಯ ಕಥೆಗೂ ಇದೇ ವಿವೇಚನೆ ಸಲ್ಲಬೇಕು.

ಈ ಪ್ರಶ್ನೆ ಒಂದು ಊರಿನ ಚರಿತ್ರೆಗೆ ಸೀಮಿತವಲ್ಲ. ದಾಸಿಮಯ್ಯನನ್ನು ಹನ್ನೊಂದನೆಯ ಶತಮಾನಕ್ಕೆ ಸೇರಿಸುವ ವಾದವು ಬಹುಮಟ್ಟಿಗೆ ಈ ಕಥೆಯನ್ನೇ ಆಧರಿಸಿದೆ. ದೇವರ ದಾಸಿಮಯ್ಯ ಮತ್ತು ವಚನಕಾರ ಜೇಡರ ದಾಸಿಮಯ್ಯ ಭಿನ್ನ ವ್ಯಕ್ತಿಗಳೆಂಬ ಅಭಿಪ್ರಾಯವೂ ವಿದ್ವಾಂಸರಲ್ಲಿದೆ. ಕಥೆಯಿಂದ ಕವಿಯ ಕಾಲವನ್ನು ನಿರ್ಣಯಿಸಿ, ಆ ಕಾಲದಿಂದ ಕಥೆಯ ಸತ್ಯವನ್ನು ಸಮರ್ಥಿಸಿದರೆ ವಾದವು ಚಕ್ರಗತಿಯಲ್ಲಿ ಸಿಲುಕುತ್ತದೆ. ವಚನ ಸಾಹಿತ್ಯದ ಆರಂಭಕಾಲವೇ ಅನಿಶ್ಚಿತವಾಗುತ್ತದೆ.

ಇದರಿಂದ ದೇಸಾಯಿಯವರ ಕೊಡುಗೆಯ ಮಹತ್ವ ಕುಂದುವುದಿಲ್ಲ. ಅವರು ಸಂಗ್ರಹಿಸಿಕೊಟ್ಟ ಆಕರಗಳೇ ಈ ಮರುಪರಿಶೀಲನೆಯನ್ನು ಸಾಧ್ಯವಾಗಿಸಿವೆ. ಹನ್ನೊಂದನೆಯ ಶತಮಾನದ ಸಾಕ್ಷ್ಯವನ್ನೂ ಅನಂತರದ ಪುರಾಣಸ್ಮೃತಿಯನ್ನೂ ಪ್ರತ್ಯೇಕಿಸಿ ಓದುವುದು ಮುಂದಿನ ಸಂಶೋಧಕರ ಹೊಣೆ. ಕನ್ನಡ, ತೆಲುಗು, ಸಂಸ್ಕೃತ ಆಕರಗಳೆಲ್ಲವೂ ಸಂಧಿಸುವ ಪಟಾನ್‌ಚೆರುವಿನ ವಿಷಯದಲ್ಲಿ, ಹೊರನಾಡಿನ ಕನ್ನಡ ಸಂಶೋಧಕರು ಈ ಕಾರ್ಯಕ್ಕೆ ಹೆಚ್ಚು ಅನುಕೂಲವಾದ ಸ್ಥಾನದಲ್ಲಿದ್ದಾರೆ.