‘ತಲೆದಂಡ’ದಲ್ಲಿ ಒಲವು ಮತ್ತು ಕುಲ

1956ರವರೆಗೆ ಹೈದರಾಬಾದು ರಾಜ್ಯಕ್ಕೆ ಸೇರಿದ್ದ ಬಸವಕಲ್ಯಾಣವು ಈ ನಗರದ ಕನ್ನಡಿಗರಿಗೆ ಪರಕೀಯವಾದ ಊರಲ್ಲ. ಹನ್ನೆರಡನೆಯ ಶತಮಾನದಲ್ಲಿ ಅಲ್ಲಿ ಸಮಗಾರ ಹರಳಯ್ಯನ ಮಗನಿಗೂ ಬ್ರಾಹ್ಮಣ ಮಧುವರಸನ ಮಗಳಿಗೂ ವಿವಾಹವಾಯಿತೆಂಬ ಐತಿಹ್ಯವು ಕನ್ನಡ ನಾಟಕಕಾರರನ್ನು ಮತ್ತೆ ಮತ್ತೆ ಸೆಳೆದಿದೆ. ಪಾಲ್ಕುರಿಕೆ ಸೋಮನಾಥನ ತೆಲುಗು ಬಸವಪುರಾಣದಲ್ಲಿ ಬಿಜ್ಜಳನು ಇಬ್ಬರು ಶರಣರ ಕಣ್ಣು ಕೀಳಿಸಿದ ಪ್ರಸಂಗವುಂಟು. ಮದುವೆಯ ಕಥೆಯನ್ನು ಬೆಳೆಸಿದುದು ಅನಂತರದ ಪರಂಪರೆ. ಆದುದರಿಂದ ಇಲ್ಲಿ ನಾಟಕಕಾರನಿಗೆ ಸ್ವಾತಂತ್ರ್ಯ ಹೆಚ್ಚು; ಹೊಣೆಯೂ ಹೆಚ್ಚು.

ಲಂಕೇಶರ ‘ಸಂಕ್ರಾಂತಿ’ಯಲ್ಲಿ ಅಸ್ಪೃಶ್ಯ ತರುಣ ರುದ್ರನೂ ಬ್ರಾಹ್ಮಣ ಕನ್ಯೆ ಉಷೆಯೂ ತಾವಾಗಿಯೇ ಒಲಿದವರು. ಶರಣನಾಗಿ ತನ್ನನ್ನು ತಿದ್ದಿಕೊಂಡ ರುದ್ರನಲ್ಲಿ ಉಷೆಯು ತಾನು ಮೆಚ್ಚಿದವನನ್ನು ಕಾಣಲಾರಳು. ಗಿರೀಶ ಕಾರ್ನಾಡರ ‘ತಲೆದಂಡ’ದಲ್ಲಿ (1990) ಕ್ರಮವು ತಿರುಗಿದೆ. ಶೀಲವಂತ-ಕಲಾವತಿಯರ ಮದುವೆಯನ್ನು ನಿಶ್ಚಯಿಸುವವರು ತಂದೆತಾಯಿಗಳು. ಅದಕ್ಕೆ ಪ್ರೇರಣೆ ಒಲವಲ್ಲ, ಶ್ರದ್ಧೆ. ಕುಲವನ್ನು ಅಳಿಸುವ ಕಾರ್ಯವೂ ಹಿರಿಯರ ಮಾತಿನ ಬಲದಿಂದಲೇ ನಡೆಯಬೇಕಾಗಿ ಬಂದುದು ಈ ಕೃತಿಯ ಮುಖ್ಯ ವಿರೋಧಾಭಾಸ.

ಈ ವಿರೋಧವನ್ನು ಮೊದಲು ಅರಿಯುವವಳು ಮಧುವರಸನ ಪತ್ನಿ ಲಲಿತಾಂಬೆ. ಅಗ್ರಹಾರದ ಆಚಾರದಲ್ಲಿ ಬೆಳೆದ ಮಗಳು ತೊಗಲು ಹದಮಾಡುವ ಮನೆಯಲ್ಲಿ ಹೇಗೆ ಬಾಳಿಯಾಳು ಎಂಬ ಅವಳ ಅಳುಕನ್ನು ಜಾತ್ಯಭಿಮಾನವೆಂದು ತಳ್ಳಿಹಾಕುವುದು ಸುಲಭ. ಆದರೆ ಬುದ್ಧಿಯು ಒಂದು ಕ್ಷಣದಲ್ಲಿ ಒಪ್ಪಿದ ತತ್ತ್ವವನ್ನು ಕೈಗಳೂ ಮೂಗೂ ದಿನದಿನವೂ ಒಪ್ಪಬೇಕಲ್ಲವೆ? ಬಸವಣ್ಣನ ಹಿಂಜರಿಕೆಯೂ ಇದಕ್ಕೆ ಸಮೀಪದ್ದು. ಮುಂದಿನ ಅನಾಹುತವನ್ನು ಅವನು ಕಾಣುತ್ತಾನೆ; ಆದರೂ ತನ್ನ ಮಾತನ್ನೇ ನಂಬಿ ಬಂದವರಿಗೆ ಬೇಡವೆನ್ನಲಾರ.

ಕಾರ್ನಾಡರು ಇದೇ ಪ್ರಶ್ನೆಯನ್ನು ಬೇರೆ ಮನೆಗಳಿಗೂ ವಿಸ್ತರಿಸಿದ್ದಾರೆ. ಮರಣಶಯ್ಯೆಯಲ್ಲಿರುವ ತಂದೆ ಮಗ ಜಗದೇವನಿಗಾಗಿ ಹಂಬಲಿಸುತ್ತಾನೆ. ಮಗನ ಮನಸ್ಸು ಶರಣರ ಕಾರ್ಯದಲ್ಲಿದೆ. ಅರಮನೆಯಲ್ಲಿ ಸೋವಿದೇವನು ತಂದೆ ಬಿಜ್ಜಳನನ್ನೇ ಸೆರೆಯಲ್ಲಿಡುತ್ತಾನೆ. ಕುಲಧರ್ಮವನ್ನು ಮೀರಿದವನ ಮನೆಯೂ, ಅದನ್ನು ಕಾಯುವೆನೆಂದವನ ಮನೆಯೂ ಒಂದೇ ತೆರನಾಗಿ ಒಡೆಯುತ್ತವೆ.

ಆದರೆ ಒಂದು ಕೊರತೆಯನ್ನು ಹೇಳಲೇಬೇಕು. ಕಣ್ಣು ಕಳೆದುಕೊಂಡ ತಂದೆಯರಿಗೆ ದೊರೆತ ಗೌರವವು ವಧೂವರರಿಗೆ ದೊರೆತಿಲ್ಲ. ಅವರು ಪರಸ್ಪರ ಏನನ್ನು ಬಯಸಿದರೆಂಬುದು ಬಹುಮಟ್ಟಿಗೆ ಮರೆಯಾಗಿಯೇ ಉಳಿಯುತ್ತದೆ. ಈ ಮೌನವು ಬೇಕೆಂದೇ ಇಟ್ಟುದಾದರೂ, ವಾದದ ಭಾರಕ್ಕೆ ಒಲವು ನಲುಗಿದೆಯೆಂಬುದು ದಿಟ.

ಹಾಗಿದ್ದರೂ ‘ತಲೆದಂಡ’ದ ಮಹತ್ತ್ವಕ್ಕೆ ಕುಂದಿಲ್ಲ. ಸಮಾನತೆಯನ್ನು ಸಭೆಯಲ್ಲಿ ಸಾರುವುದಕ್ಕೂ ಮಗಳ ಮದುವೆಯಲ್ಲಿ ಆಚರಿಸುವುದಕ್ಕೂ ಇರುವ ಅಂತರವನ್ನು ಅದು ನಿರ್ದಾಕ್ಷಿಣ್ಯವಾಗಿ ಅಳೆಯುತ್ತದೆ. ಊರನ್ನು ಬಿಟ್ಟು ಬಂದರೂ ಕುಲವನ್ನು ಬಿಡಲಾರದವರಿಗೆ ಆ ಅಳತೆ ಇಂದಿಗೂ ಅನ್ವಯಿಸುತ್ತದೆ.