ಜೋಕು ಬೇರೆಯವರದು, ನಗು ಜಾಕ್ ಬೆನ್ನಿಯದು

1948ರ ಮಾರ್ಚ್ 28ರಂದು ಅಮೆರಿಕದ ರೇಡಿಯೊದಲ್ಲಿ ಪ್ರಸಾರವಾದ ಹಾಸ್ಯನಟ ಜಾಕ್ ಬೆನ್ನಿಯ ಕಾರ್ಯಕ್ರಮದಲ್ಲಿ ಒಂದು ಪ್ರಸಂಗವಿದೆ. ನೆರೆಮನೆಯ ನಟ ರೊನಾಲ್ಡ್ ಕೋಲ್‌ಮನ್‌ನಿಂದ ಆಸ್ಕರ್ ಪ್ರತಿಮೆಯನ್ನು ಎರವಲು ಪಡೆದು ಬೆನ್ನಿ ರಾತ್ರಿ ಮನೆಗೆ ನಡೆದು ಬರುತ್ತಿರುತ್ತಾನೆ. ಕಳ್ಳನೊಬ್ಬ ಅಡ್ಡಗಟ್ಟಿ, ದುಡ್ಡು ಕೊಡ್ತೀಯೋ ಪ್ರಾಣ ಕೊಡ್ತೀಯೋ ಅನ್ನುತ್ತಾನೆ. ಬೆನ್ನಿ ತುಟಿ ಬಿಚ್ಚುವುದಿಲ್ಲ. ಸಭಿಕರ ನಗು ಏರುತ್ತಾ ಹೋಗುತ್ತದೆ. ತಾಳ್ಮೆಗೆಟ್ಟ ಕಳ್ಳ ಮತ್ತೆ ಗದರಿಸಿದಾಗ, ಯೋಚನೆ ಮಾಡ್ತಾ ಇದ್ದೀನಿ ಎಂದು ಬೆನ್ನಿ ರೇಗುತ್ತಾನೆ.

ಕಣ್ಣಿಗೆ ಏನೂ ಕಾಣದ ಮಾಧ್ಯಮದಲ್ಲಿ ಹೀಗೆ ಸುಮ್ಮನಿರಲು ಎದೆಗಾರಿಕೆ ಬೇಕು. ಆ ಮೌನ ನಗು ತರಬೇಕಾದರೆ ಈ ಮನುಷ್ಯ ಎಂಥ ಜುಗ್ಗ ಎನ್ನುವುದು ಕೇಳುಗರಿಗೆ ಮೊದಲೇ ಗೊತ್ತಿರಬೇಕು. 1932ರಿಂದ ಬೆನ್ನಿ ಮತ್ತು ಅವನ ಬರಹಗಾರರು ವಾರ ವಾರವೂ ಬೆಳೆಸಿದ್ದು ಈ ಪರಿಚಯವನ್ನೇ. ರೇಡಿಯೊ ಹಾಸ್ಯದ ಜೀವ ಪಾತ್ರದಲ್ಲಿದೆ, ಚಟಾಕಿಯಲ್ಲಿಲ್ಲ ಎನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ನನಗೆ ಸಿಕ್ಕಿಲ್ಲ.

1894ರಲ್ಲಿ ಷಿಕಾಗೊದಲ್ಲಿ ಹುಟ್ಟಿದ ಬೆಂಜಮಿನ್ ಕುಬೆಲ್‌ಸ್ಕಿ, ಅಂದರೆ ಮುಂದೆ ಜಾಕ್ ಬೆನ್ನಿಯಾದವನು, ಪಿಟೀಲು ಹಿಡಿದು ರಂಗಕ್ಕೆ ಬಂದವನು. ರೇಡಿಯೊದಲ್ಲಿ ಆ ಪಿಟೀಲನ್ನೇ ಅಪಸ್ವರದ ಗೇಲಿಗೆ ಒಡ್ಡಿದ. ವಯಸ್ಸು ಎಷ್ಟಾದರೂ ಮೂವತ್ತೊಂಬತ್ತೇ ಎಂದು ಹಟ ಹಿಡಿದ. ಹೆಂಡತಿ ಮೇರಿ ಲಿವಿಂಗ್‌ಸ್ಟನ್, ಬ್ಯಾಂಡಿನ ಫಿಲ್ ಹ್ಯಾರಿಸ್, ಗಾಯಕ ಡೆನಿಸ್ ಡೇ ಎಲ್ಲರೂ ಅವನನ್ನು ಹಂಗಿಸುವವರೇ. ಒಳ್ಳೆಯ ಮಾತುಗಳನ್ನೆಲ್ಲ ಅವರಿಗೆ ಬಿಟ್ಟುಕೊಟ್ಟು ತಾನು ಪೆಟ್ಟು ತಿನ್ನುತ್ತಿದ್ದ. ತಾರೆಯೊಬ್ಬನಲ್ಲಿ ಇಂಥ ಧಾರಾಳತನ ಅಪರೂಪ.

ಶಬ್ದವನ್ನು ಅವನ ತಂಡ ದುಡಿಸಿಕೊಂಡ ಬಗೆಯೂ ಅಪರೂಪದ್ದೇ. ದುಡ್ಡಿಡುವ ನೆಲಮಾಳಿಗೆಗೆ ಬೆನ್ನಿ ಇಳಿಯುವಾಗ ಮೊದಲು ಹೆಜ್ಜೆ ಸಪ್ಪಳ, ಆಮೇಲೆ ಸರಪಳಿ, ಕಿರುಗುಟ್ಟುವ ಬಾಗಿಲು, ಹೊರಲೋಕದ ಸುದ್ದಿಯೇ ತಿಳಿಯದ ಮುದಿ ಕಾವಲುಗಾರನ ದನಿ, ಕೊನೆಗೆ ಬೀಗ ತೆರೆದ ಕೂಡಲೇ ಸೈರನ್ನುಗಳ ಬೊಬ್ಬೆ. ಬೆನ್ನಿಯ ಹಳೆಯ ಮ್ಯಾಕ್ಸ್‌ವೆಲ್ ಕಾರಿನ ಕೆಮ್ಮು, ಏದುಸಿರು ಧ್ವನಿ ಕಲಾವಿದ ಮೆಲ್ ಬ್ಲಾಂಕ್‌ನ ಗಂಟಲಿನಿಂದ ಬಂದದ್ದು. 1950ರಿಂದ ಬೆನ್ನಿ ಟಿವಿಯಲ್ಲೂ ಗೆದ್ದ, ಸರಿ. ಆದರೆ ಕಿವಿಗೆ ಕೇಳಿದ ಆ ನೆಲಮಾಳಿಗೆಯ ಆಳವನ್ನು ಯಾವ ರಂಗಸಜ್ಜಿಕೆಯೂ ತೋರಿಸಲಾರದು.

ಮೆಚ್ಚುಗೆ ಇಲ್ಲಿ ಒಂದು ಕಡೆ ತಡೆಯುತ್ತದೆ. ಗೊಗ್ಗರು ದನಿಯ ಕಪ್ಪು ನಟ ಎಡ್ಡಿ ಆಂಡರ್ಸನ್ 1937ರಲ್ಲಿ ರೈಲಿನ ಪೋರ್ಟರ್ ಆಗಿ ಬಂದು, ಬೇಗನೆ ಬೆನ್ನಿಯ ಮನೆಯಾಳು ರಾಚೆಸ್ಟರ್ ಆದ. ಕುಡಿತ, ಜೂಜು ಎಂದು ಕಪ್ಪು ಜನರ ಮೇಲೆ ಹೊರಿಸುತ್ತಿದ್ದ ಸವಕಲು ತಮಾಷೆಗಳು ಆರಂಭದ ಕಂತುಗಳಲ್ಲಿ ಬೇಕಾದಷ್ಟಿವೆ. ಈಗ ಕೇಳಿದರೆ ಮನಸ್ಸು ಮುದುಡುತ್ತದೆ. ಎರಡನೆಯ ಮಹಾಯುದ್ಧದ ನಂತರ ಬೆನ್ನಿ ಅವನ್ನು ಕೈಬಿಡಿಸಿದ. ಯಜಮಾನನಿಗಿಂತ ಆಳೇ ಜಾಣ, ಯಜಮಾನನ ಜುಗ್ಗತನಕ್ಕೆ ಕನ್ನಡಿ ಹಿಡಿಯುವವನೂ ಅವನೇ. ಅಷ್ಟಾದರೂ ಅವನು ಆಳಾಗಿಯೇ ಉಳಿದ. ಆಂಡರ್ಸನ್‌ನಂಥ ಕಲಾವಿದನಿಗೆ ಆ ಕಾಲ ಬೇರೆ ಬಾಗಿಲುಗಳನ್ನು ಹೆಚ್ಚು ತೆರೆಯಲಿಲ್ಲ; ಆ ಕೊರತೆಯನ್ನು ಬೆನ್ನಿಯ ಒಳ್ಳೆಯತನ ತುಂಬಿಕೊಡಲಾರದು.

ರೇಡಿಯೊ ಸರಣಿ 1955ರಲ್ಲಿ ನಿಂತಿತು. ಅಪಸ್ವರದ ಆ ಪಿಟೀಲನ್ನೇ ಹಿಡಿದು ಬೆನ್ನಿ ಸಿಂಫನಿ ವಾದ್ಯವೃಂದಗಳ ಸಹಾಯಾರ್ಥ ಕಛೇರಿಗಳಲ್ಲಿ ನುಡಿಸಿದ, 1974ರಲ್ಲಿ ತೀರಿಕೊಂಡ. ನೂರಾರು ಕಂತುಗಳ ಧ್ವನಿಮುದ್ರಣ ಉಳಿದಿದೆ. ಒಂದನ್ನು ಕೇಳಿ ಇಷ್ಟೇನಾ ಎಂದು ಬಿಡಬೇಡಿ. 1940ರ ದಶಕದ ಕೊನೆಯ ಐದಾರು ಕಂತುಗಳನ್ನು ಸಾಲಾಗಿ ಕೇಳಿ.